ವರ್ಷಕ್ಕೆರಡು ಇಂಚಿನ ಮಾವ

ಯಾರ ಮೈಯನ್ನೂ ಅಳೆಯದೆ ಪ್ಯಾಂಟು ಹೊಲಿಯಬಲ್ಲವರು ಈ ಭೂಮಿಯ ಮೇಲೆ ಒಬ್ಬರೇ, ಅವರು ನನ್ನ ಸೋದರಮಾವ. ಆ ಪ್ಯಾಂಟು ಹಾಕಿಕೊಳ್ಳಲು ಬರುತ್ತದೆಯೇ ಅಂತ ಮಾತ್ರ ಕೇಳಬೇಡಿ!

ಮಾವ ರಾಯದುರ್ಗದಲ್ಲಿ ಜೀನ್ಸ್ ಹೊಲಿಯುವ ಕಡೆ ಕಟಿಂಗ್ ಮಾಸ್ಟರು. ನಾವಿರುವುದು ಮಡಕಶಿರದಲ್ಲಿ. ಅಷ್ಟು ದೂರದಿಂದ ಅಳತೆ ಹೇಗೆ ತೆಗೆಯುತ್ತಾರೆ? ತೆಗೆಯುವುದೇ ಇಲ್ಲ, ಫೋನಿನಲ್ಲೇ ಲೆಕ್ಕ ಹಾಕಿಬಿಡುತ್ತಾರೆ.

“ಮದುವ್ಯಾಗ ಅಳಿಯಂದು ಸೊಂಟ ಮೂವತ್ತು ಇಂಚು. ಮದುವಿ ಆದವ್ರಿಗೆ ವರ್ಷಕ್ಕ ಒಂದಿಂಚು ಏರ್ತೈತಿ. ಎಂಟು ವರ್ಷಾತು. ಮೂವತ್ತೆಂಟು. ಮುಗೀತಲ್ಲ?”

ಪ್ಯಾಂಟು ಬಂತು. ನನ್ನ ಗಂಡನದು ಇವತ್ತಿಗೂ ಮದುವೆ ದಿನದ ಸೊಂಟವೇ. ಅದರೊಳಗೆ ಅವರ ಜೊತೆ ನಾನೂ ನಿಲ್ಲಬಹುದಿತ್ತು!

“ಇದ್ರಾಗೆ ಕಡ್ಲೆಕಾಯಿ ತುಂಬಿ ಸಂತೆಗೆ ಹಾಕ್ಬೋದು ಕಣೇ” ಅಂದರು ನನ್ನವರು. ಫೋನ್ ಮಾಡಿ ಹೇಳಿದೆ. ಮಾವ ಜಗ್ಗಿದರೆ ತಾನೆ?

“ಲೆಕ್ಕ ಸರಿ ಐತಿ. ನೀನು ಅವ್ರಿಗೆ ಹೊಟ್ಟಿತುಂಬ ಉಣ್ಣಾಕ ಹಾಕವ್ವ.”

ನನಗೆ ನಗು ಬರದಿದ್ದದ್ದು ಮಗಳ ವಿಷಯದಲ್ಲಿ ಮಾತ್ರ. ಚಿಕ್ಕಂದಿನ ಕಾಯಿಲೆಯಿಂದ ಅವಳ ಬೆಳವಣಿಗೆ ನಿಧಾನ. ಬೆಳೆಯುತ್ತಾಳೆ, ಅವಸರ ಬೇಡ ಅಂದಿದ್ದರು ಡಾಕ್ಟರು. ಆದರೆ ಶಾಲೆಯಲ್ಲಿ ಕುಳ್ಳಿ ಅನ್ನಿಸಿಕೊಂಡು ಬರುವ ಕೂಸಿಗೆ ಅವಸರ ಬೇಡ ಅಂದರೆ ಹೇಗೆ? ಇದನ್ನೆಲ್ಲ ಮಾವನಿಗೆ ಹೇಳಲು ನನಗೆ ಬಾಯೇ ಬರಲಿಲ್ಲ. ಅವರು ತಮ್ಮ ಪಾಡಿಗೆ ಕತ್ತರಿ ಆಡಿಸಿ, ಪ್ಯಾಂಟು ಹಿಡಿದು ಬಂದೇಬಿಟ್ಟರು.

“ಕೂಸಿಂದು ಕಾಲು ಹೋದ್ಸಲ ಇಪ್ಪತ್ತೆರಡು. ಮಕ್ಕಳಿಗೆ ವರ್ಷಕ್ಕ ಎರಡಿಂಚು. ಎರಡು ವರ್ಷಕ್ಕ ನಾಕು. ಇಪ್ಪತ್ತಾರು ಹೊಲ್ದೀನಿ!”

ಮಗಳು ಹಾಕಿಕೊಂಡಳು. ಪಾದವೇ ಕಾಣಲಿಲ್ಲ.

“ಅಜ್ಜಾ, ನಾನು ಸರಿಯಾಗಿ ಬೆಳೀಲಿಲ್ವಾ?” ಅಂದಳು. ಕಣ್ಣಲ್ಲಿ ನೀರು.

ಮಾವ ಅವಳ ಕಾಲ ಬಳಿ ನೆಲದ ಮೇಲೆ ಕೂತು ಪ್ಯಾಂಟಿನ ಅಂಚನ್ನು ಎರಡಿಂಚು ಮಡಿಸಿದರು. ಈಗ ಸರಿಯಾಗಿ ಕೂತಿತು.

“ನೀ ಸರಿ ಬೆಳದೀ. ಲೆಕ್ಕ ನಂದು, ತಪ್ಪೂ ನಂದ. ವರ್ಷಕ್ಕ ಎರಡಲ್ಲವ್ವ, ಒಂದು. ಇಪ್ಪತ್ತೆರಡಕ್ಕ ಎರಡು ಕೂಡಿಸಿದ್ರ ಎಷ್ಟು?”

“ಇಪ್ಪತ್ನಾಕು.”

“ಹೌದಿಲ್ಲೋ? ಏರೇ ಏರೈತಿ. ಈ ಅರಿವಿ ನಾ ಕತ್ತರಸಂಗಿಲ್ಲ. ಒಳಗ ಮಡಿಚಿ ಹೊಲಿತೀನಿ. ನೀ ಬೆಳದಂಗ ಬಿಚ್ಚೂಣು.”

ಮಗಳು ಕಣ್ಣೊರೆಸಿಕೊಂಡು ಬೆರಳು ಮಡಿಸಿದಳು.

“ಹಂಗಾದ್ರೆ ಇನ್ನೆರಡು ವರ್ಷಕ್ಕೆ ಪೂರ್ತಿ ಬಿಚ್ಬೋದು. ಅಲ್ಲಿಗಂಟ ಇದನ್ನ ಯಾರಿಗೂ ಕೊಡ್ಬೇಡಮ್ಮಾ.”