ಬೋಳುಮೂಗಿಗೆ ಅಕ್ಷತೆ

ಅಶ್ವಿನ್‌ಗೆ ತನ್ನ ಲೆಕ್ಕದ ಮೇಲೆ ನಂಬಿಕೆಯಿತ್ತು. ದೇವರ ಮೇಲೆ ಗುಲಗಂಜಿಯಷ್ಟು ಹೆಚ್ಚೇ ಇತ್ತು. ಎಡವಟ್ಟಾದದ್ದು ಅಲ್ಲೇ.

ಪುಣೆಯ ಭೋಸರಿಯಲ್ಲಿ ಅವನಿಗೆ ಕೆಲಸ. ಅಲ್ಲಿನ ಪ್ರಯೋಗಶಾಲೆಯ ಗಾಳಿಸುರಂಗದಲ್ಲಿ ರಾಕೆಟ್ಟಿನ ಪುಟ್ಟ ಮಾದರಿ ನಿಲ್ಲಿಸಿ, ಶಬ್ದಕ್ಕಿಂತ ವೇಗವಾಗಿ ಗಾಳಿ ನುಗ್ಗಿಸಿ, ಗಾಳಿ ಅದನ್ನು ಎಷ್ಟು ತಡೆಯುತ್ತದೆಂದು ಅಳೆಯುತ್ತಿದ್ದರು. ಅದನ್ನೇ ಕಂಪ್ಯೂಟರಿನಲ್ಲಿ ಮೊದಲೇ ಲೆಕ್ಕ ಹಾಕಿ ಹೇಳುವುದು ಅಶ್ವಿನ್ ಪಾಲಿನ ಕೆಲಸ. ಲೆಕ್ಕಕ್ಕೂ ಪ್ರಯೋಗಕ್ಕೂ ತಾಳೆಯಾದರೆ ಮಾತ್ರ ರಜೆ ಎಂದಿದ್ದರು ಮೇಲಧಿಕಾರಿ ನಿಜಲಿಂಗಪ್ಪ. ಮಂಡ್ಯದಲ್ಲಿ ನಾಳೆ ತಂಗಿ ಪುಟ್ಟಿಯ ಸೀಮಂತ. ಸದಾಶಿವ ಪೇಠದಲ್ಲಿ ಕೊಂಡ ಹಸಿರು ಸೀರೆ ಬ್ಯಾಗಿನೊಳಗೆ ಸಂಜೆಯ ಬಸ್ಸಿಗಾಗಿ ಕಾಯುತ್ತಿತ್ತು.

ದಸರಾ ರಜೆಗೆ ಮುಂಚೆ ಆಯುಧಪೂಜೆ ನಡೆದಿತ್ತು. ಎಲ್ಲರೂ ಸುರಂಗದ ಬಾಗಿಲಿಗೆ ಕುಂಕುಮವಿಟ್ಟು ಪೇಢೆ ತಿಂದು ಹೋದ ಮೇಲೆ, ಅಶ್ವಿನ್ ಮೆಲ್ಲಗೆ ಒಳಗೆ ಕೈ ಹಾಕಿ ಮಾದರಿಯ ಮೊಂಡು ಮುಂತುದಿಯಾದ ಬೋಳುಮೂಗಿನ ಮೇಲೆ ಒಂದು ಅಕ್ಷತೆಕಾಳು ಇಟ್ಟಿದ್ದ. ಹಾರಿಹೋದರೆ ಅಪಶಕುನವೆಂದು ಒಂದು ತೊಟ್ಟು ಗಟ್ಟಿ ಅಂಟು ಬೇರೆ! ಕಾಳು ಕೊಂಬಿನಂತೆ ನೆಟ್ಟಗೆ ನಿಂತಿತ್ತು. ಆಮೇಲೆ ರಜೆಯಲ್ಲಿ ಅದನ್ನು ಮರೆತೇಬಿಟ್ಟ.

ಈ ಬೆಳಿಗ್ಗೆ ಸುರಂಗ ಗುಡುಗಿತು. ಪರದೆಯ ಮೇಲೆ ಮಾದರಿಯ ಮೂಗಿನ ಮುಂದೆ ಬಿಲ್ಲಿನಂತೆ ಬಾಗಬೇಕಿದ್ದ ಗಾಳಿಯ ಗೆರೆ ಚೂಪಾಗಿ ನಿಂತಿತು.

“ಇದೆಂತ ಮಾರಾಯ? ನಿನ್ನ ಲೆಕ್ಕ ಒಂದು ದಿಕ್ಕು, ಗಾಳಿ ಒಂದು ದಿಕ್ಕು!” ಎಂದಳು ಸುರಂಗ ನಡೆಸುವ ಪಂಕಜಾಕ್ಷಿ, ಉಡುಪಿ ಹೋಟೆಲಿನವರ ಮಗಳು. “ರಾಂಜಣಗಾಂವ ಗಣಪತಿಗೆ ಹರಕೆ ಹೇಳಿಕೋ.”

ದೇವರ ಹೆಸರು ಕಿವಿಗೆ ಬಿದ್ದದ್ದೇ ತಡ, ಅಶ್ವಿನ್‌ಗೆ ಅಕ್ಷತೆ ನೆನಪಾಯಿತು.

“ಲೆಕ್ಕ ಎಲ್ಲಿ ತಪ್ಪೇತ್ರಿ ಅಶ್ವಿನ್?” ಎಂದರು ನಿಜಲಿಂಗಪ್ಪ.

“ಮಾಡೆಲ್ ಮೇಲೆ ಡಸ್ಟ್ ಇರ್ಬೇಕು ಸರ್, ಒರೆಸಿಬಿಡ್ತೀನಿ.”

“ನಾನು ಒರೆಸ್ತೇನೆ,” ಎಂದು ಪಂಕಜಾಕ್ಷಿ ಬಟ್ಟೆ ಹಿಡಿದು ಹೊರಟೇಬಿಟ್ಟಳು. ಅಶ್ವಿನ್ ಅವಳನ್ನು ದಾಟಿ ಓಡಿದ. ಉಗುರು ಮುರಿಯಿತೇ ಹೊರತು ಕಾಳು ಅಲ್ಲಾಡಲಿಲ್ಲ. ಕೊನೆಗೆ ತಲೆಯನ್ನೇ ಸುರಂಗದೊಳಗೆ ತೂರಿಸಿ ಹಲ್ಲಿನಿಂದ ಕಿತ್ತ.

“ಸರ್, ಇವ ರಾಕೆಟ್ಟಿಗೆ ಮುತ್ತು ಕೊಡ್ತಿದ್ದಾನೆ!” ಎಂದು ಹಿಂದಿನಿಂದ ಪಂಕಜಾಕ್ಷಿಯ ಕೂಗು ಕೇಳಿತು. ಅಶ್ವಿನ್ ಗಾಬರಿಯಲ್ಲಿ ಕಾಳು ನುಂಗಿದ.

ಮತ್ತೆ ಸುರಂಗ ಗುಡುಗಿತು. ಗೆರೆ ಲೆಕ್ಕದಂತೆಯೇ ಬಾಗಿತು! ಕೂದಲೆಳೆಯಷ್ಟೂ ವ್ಯತ್ಯಾಸವಿಲ್ಲ. ನಿಜಲಿಂಗಪ್ಪ ಬೆನ್ನು ತಟ್ಟಿ, “ಶಾಭಾಸ್! ಊರಿಗೆ ಹೋಗಿ ಬರ್ರಿ,” ಎಂದರು. ಅಶ್ವಿನ್‌ಗೆ ಕುಣಿಯುವಷ್ಟು ಖುಷಿಯಾಯಿತು. ಬ್ಯಾಗು ಹೆಗಲಿಗೇರಿಸಿದ.

“ಸರ್, ನಿಲ್ಲಿ,” ಎಂದಳು ಪಂಕಜಾಕ್ಷಿ. “ಬೆಳಿಗ್ಗೆ ಗೆರೆ ಚೂಪಾಗಿದ್ದಾಗ ಗಾಳಿಯ ತಡೆ ಇದರ ಅರ್ಧವೇ ಇತ್ತು.”

“ಅರ್ಧಾ?” ನಿಜಲಿಂಗಪ್ಪ ತಟ್ಟನೆ ತಿರುಗಿದರು. “ನಾವು ಇಷ್ಟ ದಿನ ಹುಡುಕಾಕತ್ತಿದ್ದು ತಡಿ ಕಡಿಮಿ ಮಾಡೂದನ್ನ ಅಲ್ಲೇನ್ರಿ! ಮೂಗಿನ ಮ್ಯಾಲೆ ಏನಿತ್ತು? ಖರೇ ಹೇಳ್ರಿ.”

“ಅಕ್ಷತೆ ಸರ್... ತಿಂದ್ಬಿಟ್ಟೆ.”

ಬೈಗುಳ ಬೀಳುತ್ತದೆಂದು ಅಶ್ವಿನ್ ತಲೆ ತಗ್ಗಿಸಿದ. ಆದರೆ ನಿಜಲಿಂಗಪ್ಪನವರು ಅವನನ್ನು ತಬ್ಬಿಕೊಂಡರು. “ಭಾಳ ಚಲೋ ಮಾಡೀರಿ! ಬ್ಯಾಗ್ ಕೆಳಗ ಇಡ್ರಿ. ಇಡೀ ಕಾಳು, ನುಚ್ಚು, ಬಾಸುಮತಿ, ಎಲ್ಲಾದರ ಲೆಕ್ಕ ನಿಮ್ಮಿಂದನ ಆಗಬೇಕು. ರಜಾ ಆಮ್ಯಾಲೆ ನೋಡೂಣು.”

“ಅಪ್ಪನ ಹೋಟೆಲಿಂದ ಕುಚ್ಚಲಕ್ಕಿ ತರಿಸ್ತೇನೆ,” ಎಂದು ಪಂಕಜಾಕ್ಷಿ ಉತ್ಸಾಹದಿಂದ ಫೋನು ಎತ್ತಿಕೊಂಡಳು.

ಸಂಜೆ ಅಮ್ಮ ತಾಯಮ್ಮನ ಫೋನು ಬಂತು. “ಬಸ್ ಹತ್ತಿದ್ಯೇನಪ್ಪಾ? ಪುಟ್ಟಿ ತಲೆಗೆ ಅಕ್ಷತೆ ಹಾಕೋಕೆ ಅಣ್ಣನೇ ಇಲ್ದಿದ್ರೆ ಹೆಂಗೋ?”

“ಅಕ್ಷತೇನೇ ಹಾಕ್ತಾ ಇದೀನಮ್ಮಾ,” ಎಂದ ಅಶ್ವಿನ್, ರಾಕೆಟ್ಟಿನ ಬೋಳುಮೂಗಿಗೆ ಇನ್ನೊಂದು ಕಾಳು ಅಂಟಿಸುತ್ತಾ.