ಸಾವ್ಕಾರನ ಲೈಸೆನ್ಸು

ಆಳಂದದ ಅಣ್ಣಾರಾಯ ಸಾವ್ಕಾರನಿಗೆ ಬೋಣಿಯ ಹಟವಿತ್ತು. ಬೆಳಿಗ್ಗೆ ಅಂಗಡಿ ತೆರೆದ ಮೇಲೆ ಹೊರಗಿನವರ ಕೈಯಿಂದ ಒಂದು ರೂಪಾಯಿಯಾದರೂ ಒಳಗೆ ಬಾರದೆ, ತಿಜೋರಿಯಿಂದ ಒಂದು ಪೈಸೆಯನ್ನೂ ಹೊರಗೆ ಬಿಡುತ್ತಿರಲಿಲ್ಲ. ಅಪ್ಪ ತೀರಿಕೊಂಡ ದಿನವೂ ಹೆಣಕ್ಕೆ ಹಾರ ತರಿಸಲು, ಯಾರಾದರೂ ಬಡ್ಡಿ ಕಟ್ಟಲಿ ಎಂದು ಮಧ್ಯಾಹ್ನದವರೆಗೆ ಕಾದಿದ್ದ. ಊರಿನವರು ಅದನ್ನು ಪಿತೃಭಕ್ತಿ ಎಂದು ಹೊಗಳಿದರು. ಹೊಗಳಿದವರೆಲ್ಲ ಅವನ ಸಾಲಗಾರರೇ ಆಗಿದ್ದರೆಂಬುದು ಬೇರೆ ಮಾತು.

ಅಂಥವನು ಆ ಸೋಮವಾರ ಸರ್ಕಾರಕ್ಕೆ ದುಡ್ಡು ಕಟ್ಟಬೇಕಾಗಿತ್ತು. ಲೇವಾದೇವಿ ಲೈಸೆನ್ಸಿನ ಶುಲ್ಕ ಏರಿದಾಗ ತಾಲ್ಲೂಕಿನ ಸಾವ್ಕಾರರೆಲ್ಲ ಕೋರ್ಟು ಹತ್ತಿದ್ದರು, ಎಲ್ಲರಿಗಿಂತ ಮುಂದೆ ಅಣ್ಣಾರಾಯ. ಎರಡು ವರ್ಷ ತಡೆಯಾಜ್ಞೆಯ ನೆರಳಿನಲ್ಲಿ ಹಾಯಾಗಿದ್ದರು. ಈಗ ಕೇಸು ನಡೆಯಲಿ, ಆದರೆ ಸೋಮವಾರ ಸಂಜೆಯೊಳಗೆ ಹೊಸ ಶುಲ್ಕ ಕಟ್ಟದವನ ಲೈಸೆನ್ಸು ರದ್ದು ಎಂದು ಕೋರ್ಟು ಹೇಳಿತ್ತು. ಲೈಸೆನ್ಸು ಹೋದರೆ ಕೊಟ್ಟ ಸಾಲ ಕೇಳಲು ಕಾನೂನಿನ ಬಲವಿಲ್ಲ. ಉಳಿದ ಸಾವ್ಕಾರರು ಹಿಂದಿನ ವಾರವೇ ಕಟ್ಟಿ ಬಂದರು. ಮೊದಲೇ ಕಟ್ಟಿದರೆ ಸೋತಂತೆ ಎಂದು ಅಣ್ಣಾರಾಯ ಮಾತ್ರ ಕೊನೆಯ ದಿನಕ್ಕೆ ಇಟ್ಟುಕೊಂಡ.

ಸೋಮವಾರ ಗಾದಿಯ ಮೇಲೆ ಕೂತ. ಯಾರೂ ಬರಲಿಲ್ಲ. ದಿನಾ ಬಾಗಿಲಲ್ಲಿ ನಿಂತು ಕೆಮ್ಮುವ ಮುದುಕನೂ ಬರಲಿಲ್ಲ. ಹತ್ತು ಗಂಟೆಗೆ ಅವನು ಬೀದಿಗೆ ಇಣುಕಿದರೆ, ಎದುರು ಬಂದ ಸಾಲಗಾರರು ಮೆರವಣಿಗೆ ಮುರಿದಂತೆ ಗಲ್ಲಿಗಳಲ್ಲಿ ಮಾಯವಾದರು. ಕೋರ್ಟಿನ ಮಾತು ಅವನಿಗಿಂತ ಚೆನ್ನಾಗಿ ಊರಿಗೆ ಗೊತ್ತಿತ್ತು.

ಹೆಂಡತಿ ಮಹಾನಂದಾ ಹತ್ತು ರೂಪಾಯಿ ತಂದು ಮುಂದಿಟ್ಟಳು. ಮನೆಯ ದುಡ್ಡು ಬೋಣಿಯಾಗುವುದಿಲ್ಲ ಎಂದು ಅವನು ಗದರಿದ. ಫೋನಿನಲ್ಲಿ ಕಟ್ಟಿಬಿಡಿ ಎಂದಳು. ಫೋನಿನಿಂದ ಹೋದರೂ ತಿಜೋರಿಯಿಂದ ಹೋದರೂ ಬೋಣಿಗೆ ಮೊದಲು ಹೋದ ದುಡ್ಡು ಹೋದಂತೆಯೇ ಎಂದ. ಅವಳು ಹಣೆ ಚಚ್ಚಿಕೊಂಡು ಒಳಗೆ ಹೋದಳು.

ಮಧ್ಯಾಹ್ನ ಅವನು ಮಾನ ಬಿಟ್ಟು ಪಕ್ಕದ ಚಹಾ ಹೋಟೆಲಿನ ದೇವಾನಂದನ ಬಳಿ ಹೋದ. ದೇವಾನಂದ ಮೂರು ತಿಂಗಳ ಬಡ್ಡಿ ಉಳಿಸಿಕೊಂಡವನು. ಹತ್ತೇ ಹತ್ತು ರೂಪಾಯಿ ಕೊಡು ಎಂದು ಸಾವ್ಕಾರ ಕೇಳಿದ. ಹೋಟೆಲಿನಲ್ಲಿ ಕೂರಲು ಜಾಗವಿರಲಿಲ್ಲ.

"ಏನ್ ಮಾಡ್ಲಿರಿ ಸಾವ್ಕಾರ್ರ, ನಂದೂ ಇನ್ನಾ ಬೋಣಿ ಆಗಿಲ್ಲ," ಎಂದ ದೇವಾನಂದ, ಗಲ್ಲಾಕ್ಕೆ ನೋಟು ತುರುಕುತ್ತಾ. ಚಹಾ ಬೇಕಾದರೆ ಪುಕ್ಕಟೆ ಕುಡಿಯಿರಿ ಎಂದೂ ಸೇರಿಸಿದ.

ಎದುರಿನ ಟೇಲರ್ ಬುರಾನುದ್ದೀನ ಮಷೀನು ನಿಲ್ಲಿಸಿ, ಇಂಥ ನಿಯಮ ಪಾಲಿಸುವವರು ಈಗ ಎಲ್ಲಿದ್ದಾರೆ, ಸಂಜೆಯವರೆಗೆ ಗಟ್ಟಿಯಾಗಿರಿ ಎಂದು ಧೈರ್ಯ ಹೇಳಿದ. ಅವನದೂ ಬಾಕಿಯಿತ್ತು.

ನಾಲ್ಕು ಗಂಟೆಯ ಹೊತ್ತಿಗೆ ಸಾವ್ಕಾರನ ಮುಖ ಬಾಡಿತ್ತು. ಆಗ ಖಜೂರಿ ಹಳ್ಳಿಯ ವಜೀರುನ್ನಿಸಾ ಮೆಟ್ಟಿಲು ಹತ್ತಿ ಬಂದಳು. ಗಂಡನನ್ನು ಸೊಲ್ಲಾಪುರದ ಆಸ್ಪತ್ರೆಗೆ ಸೇರಿಸಲು ತನ್ನ ಬಂಗಾರದ ಸರ ಒತ್ತೆಯಿಟ್ಟವಳು. ಗಂಡ ಉಳಿಯಲಿಲ್ಲ, ಬಡ್ಡಿ ಉಳಿಯಿತು. ತೆಗೆದುಕೊಂಡದ್ದಕ್ಕಿಂತ ಹೆಚ್ಚು ಕಟ್ಟಿದ್ದರೂ ಸರ ಇನ್ನೂ ತಿಜೋರಿಯಲ್ಲೇ ಇತ್ತು. ಆ ಹೆಂಗಸಿನ ಹರಿದ ಚಪ್ಪಲಿ ನೋಡಿದರೆ ಯಾರಿಗಾದರೂ ನಾಚಿಕೆಯಾಗಬೇಕು. ಅಣ್ಣಾರಾಯನಿಗೆ ಆದದ್ದು ಸಂತೋಷ.

ಅವಳು ಸೆರಗಿನ ಗಂಟು ಬಿಚ್ಚಿ ನೂರರ ನೋಟೊಂದನ್ನು ಗಾದಿಯ ಮೇಲಿಟ್ಟಳು. ಅವನು ಅದನ್ನು ಕಣ್ಣಿಗೊತ್ತಿಕೊಂಡು, "ನೀ ನಮ್ಮ ಮನಿ ಲಕ್ಷ್ಮಿ ಇದ್ದಂಗ ಬೇ," ಎಂದ. ತಿಜೋರಿ ತೆರೆದು ಶುಲ್ಕದ ಕಂತೆ ಚೀಲಕ್ಕೆ ಹಾಕಿಕೊಂಡು, ಧೋತರ ಎತ್ತಿ ಓಡಿದ.

ಐದಕ್ಕೆ ಸ್ವಲ್ಪ ಮುಂಚೆ ಲೈಸೆನ್ಸು ಕೊಡುವ ಕಚೇರಿ ತಲುಪಿದ. ದುಡ್ಡು ಕಟ್ಟಿದ. ಅಲ್ಲಿನ ಸಾಹೇಬರು ಲೈಸೆನ್ಸಿಗೆ ಸಹಿ ಹಾಕಿ ಕೊಟ್ಟರು. ಅದನ್ನು ಎದೆಗೊತ್ತಿಕೊಂಡು ತಿರುಗಿದರೆ, ಹಿಂದೆ ಏದುಸಿರು ಬಿಡುತ್ತಾ ವಜೀರುನ್ನಿಸಾ ನಿಂತಿದ್ದಳು. ಶುಭ ಕೋರಲು ಬಂದಳೆಂದು ಅವನು ನಕ್ಕ. ಅವಳು ಅವನನ್ನು ದಾಟಿ ಹೋಗಿ ಸಾಹೇಬರ ಮೇಜಿನ ಮೇಲೆ ಒಂದು ಅರ್ಜಿ ಇಟ್ಟಳು.

"ಈಗರೆ ತಗೋರಿ ಸಾಹೇಬ್ರ. ಹ್ವಾದ ವಾರ ಬಂದಾಗ, ಇವರ ಲೈಸೆನ್ಸ್ ಉಳದ್ರಷ್ಟ ನಾವು ವಿಚಾರಣೆ ಮಾಡ್ತೀವಿ, ಇಲ್ಲಾಂದ್ರ ನಮಗ ಸಂಬಂಧ ಇಲ್ಲ ಅಂದಿದ್ರಿ. ಮುಂಜಾನಿಂದ ನೋಡಾಕತ್ತೇನಿ, ಊರಾಗ ಯಾರೂ ಇವರಿಗಿ ಬೋಣಿ ಮಾಡ್ಲಿಲ್ಲ. ಇವರ ಲೈಸೆನ್ಸ್ ಹ್ವಾದ್ರ ನನ್ನ ಸರ ಯಾರು ಕೊಡಸ್ತಾರ? ಕಡೀಕ ನಾನ ಮಾಡ್ದೆ."

ಸಾಹೇಬರು ಅರ್ಜಿ ಓದಿದರು. ಬಡ್ಡಿಯ ದರ ಕಂಡು ಕನ್ನಡಕ ತೆಗೆದು ಒರೆಸಿಕೊಂಡರು. ನಾಳೆ ಬೆಳಿಗ್ಗೆ ತಾವೇ ಬರುವುದಾಗಿಯೂ, ಒತ್ತೆಯ ಬಂಗಾರವನ್ನೆಲ್ಲ ಎದುರಿಗೆ ತೆಗೆದಿಡಬೇಕೆಂದೂ, ಹೆಚ್ಚಿಗೆ ವಸೂಲಿ ಮಾಡಿದ್ದನ್ನು ಮರಳಿಸಬೇಕಾಗುತ್ತದೆಂದೂ ಹೇಳಿದರು.

ಅಷ್ಟರಲ್ಲಿ ಬಾಗಿಲಲ್ಲಿ ಗದ್ದಲವಾಯಿತು. ಸಾವ್ಕಾರ ಕಚೇರಿಗೆ ಓಡಿದ್ದು ಕಂಡು ಮೊದಲು ಮುಖ ಕಪ್ಪಿಟ್ಟ ದೇವಾನಂದ, ವಜೀರುನ್ನಿಸಾ ಅರ್ಜಿ ಹಿಡಿದು ಅವನ ಹಿಂದೆಯೇ ಹೋದದ್ದು ತಿಳಿದ ಮೇಲೆ ತಾನೂ ಅರ್ಜಿ ಬರೆಯಲು ಬಿಳಿ ಹಾಳೆ ಹಿಡಿದು ಬಂದಿದ್ದ. ಹಿಂದೆ ಬುರಾನುದ್ದೀನ, ಅವನ ಹಿಂದೆ ಮೆಟ್ಟಿಲ ಕೆಳಗಿನವರೆಗೂ ಸಾಲು.

ಅಣ್ಣಾರಾಯ ಆ ಸಾಲನ್ನು ಕಣ್ಣಲ್ಲೇ ಎಣಿಸಿದ. ಲೈಸೆನ್ಸನ್ನು ಮೇಜಿನ ಮೇಲಿಟ್ಟು ಕೈಮುಗಿದ.

"ನನಗಿದು ಬ್ಯಾಡ್ರಿ ಸಾಹೇಬ್ರ. ಕಟ್ಟಿದ್ದ ರೊಕ್ಕಾನೂ ಕೇಳಂಗಿಲ್ಲ. ವಾಪಸ್ ತಗೊಂಡು ಬಿಡ್ರಿ."

ಸಾಹೇಬರು ಲೈಸೆನ್ಸನ್ನು ಮೆಲ್ಲಗೆ ಅವನ ಕಡೆಗೇ ತಳ್ಳಿದರು.

"ವಿಚಾರಣೆ ಮುಗಿಯೋ ತನಕ ವಾಪಸ್ ತಗೊಳ್ಳಾಕ ಬರಂಗಿಲ್ರಿ. ಬೇಕಾದ್ರ ಕೋರ್ಟಿಗೆ ಹೋಗ್ರಿ."