ಎಜ್ರಾ ಪ್ರಾಟನ ಬರಿಗೈ

ಹುರಿದ ಹಂದಿಮಾಂಸದ ತಟ್ಟೆಯನ್ನು ಮುಂದಿಟ್ಟು ಮನೆಯೊಡತಿ ಮಿಸೆಸ್ ಹಾಬ್ಸ್ ಹೇಳಿದಳು, "ನಿಮ್ಮ ಹಳೇ ದೋಸ್ತ್ ಡೆನಿಸ್ ಮುಲ್ವಿ ಇವತ್ತಿನ ರೈಲಿಗೆ ಬರ್ತಿದಾರೆ, ಮಿಸ್ಟರ್ ಪ್ರಾಟ್. ನಾನೇ ಕಾಗದ ಬರೆದು ಕರೆಸಿದೆ. ಖುಷಿ ಆಯ್ತಾ?"

ಎಜ್ರಾ ಕೈಲಿದ್ದ ಕಾಫಿಯನ್ನು ಹಂದಿಮಾಂಸದ ಮೇಲೆ ಸುರಿದುಬಿಟ್ಟ.

ಸಂಬಳಕ್ಕೆ ಬೇಸ್‌ಬಾಲ್ ಆಡುತ್ತಿದ್ದ ದಿನಗಳಲ್ಲಿ ಡೆನಿಸ್ ಎಸೆದ ಚೆಂಡನ್ನು ದಾಂಡಿಗನ ಬೆನ್ನ ಹಿಂದೆ ಕೂತು ಹಿಡಿಯುತ್ತಿದ್ದವನು ಎಜ್ರಾ. ಕೈಗವಸು ಹಾಕುವವನನ್ನು ಜನ ಹೆಂಗಸೆಂದು ಹಂಗಿಸುತ್ತಿದ್ದ ಕಾಲ. ಈ ಓಹಾಯೊ ಊರಿನ ಕಾಲೇಜು ಅವನನ್ನು ಕೋಚ್ ಮಾಡಿಕೊಂಡದ್ದೂ 'ಬರಿಗೈ ಪ್ರಾಟ್' ಎಂಬ ಹೆಸರಿಗೇ. ಸೊಟ್ಟ ಕಿರುಬೆರಳು ತೋರಿಸಿ, "ನೋಡ್ರೋ, ಗಂಡಸಿನ ಕೈ!" ಎಂದು ಹುಡುಗರ ಕೈಗವಸುಗಳನ್ನೆಲ್ಲ ಕಿತ್ತಿಟ್ಟಿದ್ದ. ಆ ಬೆರಳು ಸೊಟ್ಟಗಾದದ್ದು ಹೋಟೆಲಿನ ಬಾಗಿಲಿಗೆ ಸಿಕ್ಕಿ. ಅಜ್ಜಿ ಕತೆಯ ರಾಕ್ಷಸನ ಜೀವ ಗಿಣಿಯಲ್ಲಿದ್ದ ಹಾಗೆ ಎಜ್ರಾನ ಜೀವ ಇದ್ದದ್ದು ಪೆಟ್ಟಿಗೆಯ ತಳದಲ್ಲಿ, ಆಗ ಆಟದಲ್ಲಿ ಕದ್ದು ತೊಡುತ್ತಿದ್ದ ಮೈಬಣ್ಣದ ಒಂದು ತೆಳು ಕೈಗವಸಿನಲ್ಲಿ. ಅದು ಗೊತ್ತಿದ್ದವನು ಡೆನಿಸ್ ಒಬ್ಬನೇ. ಅವನಿಗೋ ಕಿವಿ ಮಂದ; ಗುಟ್ಟು ಹೇಳಿದರೂ ಊರಿಗೆಲ್ಲ ಡಂಗುರ.

ಸ್ಟೇಷನ್ನಿನಲ್ಲಿ ಡೆನಿಸ್ ಇಳಿದವನೇ ತಬ್ಬಿಕೊಂಡ. "ಎಜ್ರಾ! ಇನ್ನೂ ಆ ನಿನ್ನ ಕೈ..."

ಎಜ್ರಾ ಅವನ ಬಾಯಿಗೆ ಇಡೀ ಡೋನಟ್ ತುರುಕಿದ. ದಾರಿಯುದ್ದಕ್ಕೂ ಡೆನಿಸ್ ಬಾಯಿ ತೆರೆದಾಗಲೆಲ್ಲ ಎಜ್ರಾ ಗಟ್ಟಿಯಾಗಿ ಚರ್ಚಿನ ಹಾಡು ಹಾಡಿದ. ಜನ ಅವನ ಭಕ್ತಿಗೆ ಬೆರಗಾದರು.

ಅವತ್ತು ಕಾಲೇಜಿನ ಪಂದ್ಯ; ಮೈದಾನದ ಗೇಟಿನಲ್ಲಿ ಪ್ರಿನ್ಸಿಪಾಲ್ ವೀಲರ್ ಕಾದಿದ್ದರು. "ಪಂದ್ಯಕ್ಕೆ ಮುಂಚೆ ಇವರು ಎಸೀಲಿ, ನೀವು ಹಿಡೀರಿ ಕೋಚ್. ಬರಿಗೈ ಅಂದ್ರೇನು ಅಂತ ಊರು ನೋಡ್ಲಿ!"

ಎಜ್ರಾ "ಷೂ ಬದಲಾಯಿಸಿ ಬಂದೆ" ಎಂದು ಮನೆಗೆ ಓಡಿ ಪೆಟ್ಟಿಗೆ ಬುಡಮೇಲು ಮಾಡಿದ. ಗಿಣಿ ಇರಲಿಲ್ಲ.

"ಆ ಚರ್ಮದ್ದಾ?" ಮಿಸೆಸ್ ಹಾಬ್ಸ್ ಮೂಗು ಮುಚ್ಚಿಕೊಂಡಳು. "ಸತ್ತ ಇಲಿ ಥರ ನಾರ್ತಿತ್ತು. ಬೆಳಿಗ್ಗೆ ಒಲೆಗೆ ಹಾಕಿದೆ. ನಿಮ್ಮ ಹಂದಿಮಾಂಸ ಬೆಂದಿದ್ದು ಅದರಲ್ಲೇ."

ಗಲ್ಲಿಗೆ ನಡೆಯುವವನಂತೆ ಎಜ್ರಾ ಮೈದಾನಕ್ಕೆ ಬಂದ. ಓಡಿಹೋದರೆ ಕೆಲಸ ಹೋಗುತ್ತದೆ, ನಿಂತರೆ ಕೈ. ನಿಂತ.

ಮೊದಲ ಚೆಂಡು ಅಂಗೈಯಲ್ಲಿ ಸಿಡಿಲಿನಂತೆ ಒಡೆಯಿತು. ಎರಡನೆಯದಕ್ಕೆ ಆಕಾಶದಲ್ಲಿ ಹಗಲು ನಕ್ಷತ್ರ. ಆಮೇಲಿನವಕ್ಕೆ ಬೆರಳುಗಳು ಸೌತೆಕಾಯಿಗಳಂತೆ ಊದಿಕೊಂಡವು. ಒಂದನ್ನೂ ಬಿಡಲಿಲ್ಲ! ಜನ ಟೋಪಿ ಹಾರಿಸಿದರು. ಎಜ್ರಾನ ಕಣ್ಣಲ್ಲಿ ನೀರು. ಜೀವಮಾನದಲ್ಲಿ ಮೊದಲ ಸಲ ಬರಿಗೈಯಲ್ಲಿ ಹಿಡಿದಿದ್ದ. ಇನ್ನು ಯಾರ ಹೆದರಿಕೆ?

ಡೆನಿಸ್ ಓಡಿಬಂದು ಬೆನ್ನು ಚಪ್ಪರಿಸಿ ಅರಚಿದ, "ಭಲೇ ಮಗನೇ! ಅದೇ ಹಳೇ ಕೈಗವಸು ತಾನೆ? ಆಗಲೂ ಒಬ್ಬನಿಗೂ ಗೊತ್ತಾಗ್ಲಿಲ್ಲ, ಇವತ್ತೂ ಥೇಟ್ ಚರ್ಮಾನೇ! ಒಳಗೆ ಹತ್ತಿ ಬೇರೆ ತುಂಬಿಸಿದೀಯೇನೋ, ಎಷ್ಟು ದಪ್ಪ!"

ಜನರೆಲ್ಲ ಎಜ್ರಾನ ಕೈಯತ್ತ ಕತ್ತು ಚಾಚಿದರು.

ಪ್ರಿನ್ಸಿಪಾಲರು ಕನ್ನಡಕ ಏರಿಸುತ್ತಾ ಬಂದರು. "ಬಿಚ್ಚಿ ಅದನ್ನ!" ಎಂದು ಎಲ್ಲಕ್ಕಿಂತ ದಪ್ಪ ಬೆರಳನ್ನು ಹಿಡಿದು ಜಗ್ಗಿದರು.

ಎಜ್ರಾ ಇಟ್ಟ ಕೂಗಿಗೆ ಕಿವುಡ ಡೆನಿಸ್ ಕೂಡ ಬೆಚ್ಚಿಬಿದ್ದ.

"ಮೆಲ್ಲಗೆ ಮಾತಾಡೋ," ಎಂದು ಎಜ್ರಾನ ಕಿವಿಯಲ್ಲಿ, ಊರಿಗೆಲ್ಲ ಕೇಳುವಂತೆ ಹೇಳಿದ, "ಜನ ಇದಾರೆ!"